ಭಾವನ ಡಿಎಲ್‌ಎಲ್ ಸಂಸಾರ

ನನ್ನ ಹೆಂಡತಿಯ ತಮ್ಮನಂಥ ಸೋಮಾರಿ ಕೋಟದಿಂದ ಬೈಂದೂರಿನ ತನಕ ಹುಡುಕಿದ್ರೂ ಸಿಕ್ಕ. ನಾನು ಅವನಿಗೆ ಭಾವ, ಅವ ನನಗೂ ಭಾವ. ಸೋಮಾರಿ ಅಂದ್ರೆ ಮಲಗಿರೋ ಜಾತಿ ಅಲ್ಲ ಮತ್ತೆ. ಒಂದ್ಸಲ ಮಾಡಿದ ಕೆಲಸ ಇನ್ನೊಂದ್ಸಲ ಮಾಡಬಾರ್ದು ಅಂತ ಹಗಲೆಲ್ಲ ಬೆವರು ಸುರಿಸೋ ಸೋಮಾರಿ!

ತೊಂಬತ್ತೆಂಟರ ಸುಮಾರಿಗೆ ಕೋಟೇಶ್ವರದಲ್ಲಿ ಕಂಪ್ಯೂಟರ್ ಅಂಗಡಿ ಇಟ್ಟ. ವರ್ಷಕ್ಕೊಂದು ಕಂಪ್ಯೂಟರ್ ಭಾಷೆ ಕಲಿಯೋದು, ಅದರಲ್ಲೊಂದು ಪ್ರೋಗ್ರಾಮ್ ಬರೆಯೋದು ಅವನ ವ್ರತ. ಪ್ಯಾಸ್ಕಲ್‌ನಲ್ಲಿ ಬರೆದದ್ದು ದೋಣಿಯವರಿಗೆ, ಸಮುದ್ರದ ಭರ್ತ-ಇಳ್ತದ, ಅಂದ್ರೆ ನೀರು ಏರಿಳಿಯೋ ಹೊತ್ತು ಹೇಳೋದು. ವಿಷುವಲ್ ಬೇಸಿಕ್‌ನಲ್ಲಿ ಬರೆದದ್ದು ಭಟ್ರಿಗೆ, ವ್ರತದ ದಿನ ತಿಳಿಯೋಕೆ. ಜಾವಾದಲ್ಲಿ ಬರೆದದ್ದು ಹೋಟೆಲಿನವರಿಗೆ. ಏಕಾದಶಿ, ಸಂಕಷ್ಟಿ ಯಾವತ್ತು, ಮೀನೂಟಕ್ಕೆ ಯಾವತ್ತು ಜನ ಕಮ್ಮಿ ಅಂತ. ಮೂರಕ್ಕೂ ಬೇಕಾದ್ದು ಒಂದೇ: ಇವತ್ತು ಯಾವ ತಿಥಿ? ಅದನ್ನ ಮೂರು ಸಲ ಬರೆಯೋ ಗಂಡಸಾ ಅವ? ಲೆಕ್ಕ ಮಾತ್ರ ಬೇರೆ ಒಂದು ಫೈಲಲ್ಲಿಟ್ಟ. ಅದಕ್ಕೆ ಡಿಎಲ್‌ಎಲ್ ಅಂತಾರಂತೆ. ಯಾವ ಪ್ರೋಗ್ರಾಮಿಗೆ ಬೇಕೋ ಅದು ಹೆಸರು ಹಿಡಿದು ಕರೀಬೇಕು. ಇದು ಬಂದು ಉತ್ತರ ಹೇಳ್ತದೆ.

“ಯಾವ ಭಾಷೆಯಂಗೆ ಕರ್ದ್ರೂ ಬತ್ತ್ ಭಾವ. ಹೆಸ್ರ್ ಸಮಾ ಇರ್ಕ್, ಅಷ್ಟೇ.”

“ನಿನ್ನ ಅಕ್ಕನ್ನ ಹ್ಯಾಂಗ್ ಕರ್ದ್ರೂ ಬತ್ತಿಲ್ಲೆ ಮಾರಾಯ” ಅಂದೆ.

ಈ ಹುಚ್ಚು ಅವನ ಮನೆಗೂ ಹತ್ತಿತು. ಅಡುಗೆಮನೆಗೂ ದೇವರಕೋಣೆಗೂ ಸೇರಿ ಒಂದೇ ಬೆಂಕಿಪೊಟ್ಟಣ. ಹೆಂಡತಿ ಎರಡನೇದು ತಂದ್ರೆ, ಒಂದು ಕೆಲಸಕ್ಕೆ ಎರಡು ನಕಲು ಎಂತಕೆ ಅಂತ ಅಂಗಡಿಗೆ ವಾಪಸ್ ಕೊಟ್ಟು ಬಂದ! ಕೊಡೆಯೂ ಒಂದೇ. ಗಂಡ ಹೆಂಡತಿ ಇಬ್ಬರಿಗೂ ಬೇರೆ ಬೇರೆ ಕಡೆ ಹೋಗಲಿಕ್ಕಿದ್ದ ಒಂದು ಮಳೆಯ ದಿನ ಇವ ಬಾಳೆಎಲೆ ತಲೆಮೇಲೆ ಹಿಡಿದು ಬಸ್ ಕಾದದ್ದನ್ನ ಈ ಕಣ್ಣಲ್ಲೇ ಕಂಡಿದ್ದೇನೆ.

ಇಂಥವನನ್ನ ಸುಮ್ನೆ ಬಿಟ್ರೆ ನನ್ನ ಮರ್ಯಾದೆ ಎಂತಾಗ್ಬೇಕು? ಕೀಟಲೆಯಲ್ಲಿ ನನ್ನನ್ನ ಮೀರಿಸುವವರು ಈ ಸೀಮೆಯಲ್ಲಿ ಹುಟ್ಟಿಲ್ಲ. ಭಟ್ರ ಸ್ಕೂಟರಿಗೆ ಎಮ್ಮೆಯ ಗಂಟೆ ಕಟ್ಟಿ ಹಟ್ಟಿಯಂಗಡಿ ತನಕ ಓಡಿಸಿದವ ನಾನು!

ಅವ ಕಸಕ್ಕೆ ಹಾಕಿದ್ದ ಹಳೇ ಫ್ಲಾಪಿಯೊಂದನ್ನ ಮೊದಲೇ ಕಿಸೆಗಿಳಿಸಿದ್ದೆ. ತಿಥಿ ಲೆಕ್ಕದ ಎರಡು ವರ್ಷ ಹಿಂದಿನ ರೂಪ ಅದರಲ್ಲಿತ್ತು. ಒಂದು ದಿನ ಅವ ನನ್ನನ್ನ ಅಂಗಡಿಯಲ್ಲಿ ಕೂರಿಸಿ ಚಾಕ್ಕೆ ಹೋದಾಗ ಅದನ್ನೆಲ್ಲ ಹೊಸದರ ಮೇಲೆ ಹಾಕಿದೆ. ‘ಇದ್ದದ್ದು ಅಳಿಸಿಹೋಗ್ತದೆ, ಅಡ್ಡಿಲ್ಯಾ?’ ಅಂತ ಕಂಪ್ಯೂಟರ್ ಕೇಳಿದಾಗೆಲ್ಲ ಹೌದು ಅಂತ ಒತ್ತಿದೆ. ತಿಥಿ ಒಂದು ದಿನ ಹಿಂದೆಮುಂದೆ ಆಗ್ಲಿ, ಭಾವ ತಲೆ ಕೆರ್ಕೊಳ್ಳಲಿ, ಅಷ್ಟೇ ನನ್ನ ಆಸೆ.

ಅವ ಬಂದ. ಹಿಂದೆಯೇ ಗಂಗೊಳ್ಳಿಯ ದೋಣಿಯವರೊಬ್ಬರು, ಹೊಳೆ ಸಮುದ್ರ ಸೇರುವ ಅಳಿವೆ ದಾಟಲಿಕ್ಕೆ ಭರ್ತ ಎಷ್ಟೊತ್ತಿಗೆ ಅಂತ ಕೇಳಲಿಕ್ಕೆ. ಭಾವ ಗುಂಡಿ ಒತ್ತಿದ. ಪರದೆ ಮೇಲೆ ಇಂಗ್ಲಿಷಿನಲ್ಲಿ ಬಂತು, ‘ಅಬ್ಬಿ’ ಸಿಗ್ತಿಲ್ಲ ಅಂತ. ಭಟ್ರ ಪ್ರೋಗ್ರಾಮ್ ತೆರೆದ. ಅಬ್ಬಿ ಸಿಗ್ತಿಲ್ಲ. ಹೋಟೆಲಿನದ್ದು ತೆರೆದ. ಅಲ್ಲೂ ಇಲ್ಲ.

ನಾನು ಹೊಟ್ಟೆ ಹಿಡ್ಕೊಂಡು ನಗ್ತಿದ್ದೆ. ಅವನ ಮುಖ ಕಂಡು ನಗು ಅಲ್ಲೇ ನಿಂತಿತು.

ನಮ್ಮ ಕಡೆ ಅಬ್ಬಿ ಅಂದ್ರೆ ಅಮ್ಮ. ಅವನ ಅಬ್ಬಿ, ನನ್ನ ಅತ್ತೆ, ತೀರಿಹೋಗಿ ವರ್ಷ ಆಗಿರಲಿಲ್ಲ. ಇರುವಷ್ಟು ದಿನ ಜಗಲಿಯಲ್ಲಿ ಕೂತು ಬೆರಳಗೆಣ್ಣಿನಲ್ಲೇ ತಿಥಿ ಎಣಿಸ್ತಿದ್ರು. ಮೀನು ತರುವ ಹೆಂಗಸು ತುಳುವಿನಲ್ಲಿ ಕೇಳ್ತಿದ್ಲು, ಅಂಗಡಿಯವರು ಕೊಂಕಣಿಯಲ್ಲಿ, ದೋಣಿಯವರು ನಮ್ಮ ಭಾಷೆಯಲ್ಲಿ. ಉತ್ತರ ಮಾತ್ರ ಒಂದೇ. ಆ ಎಣಿಕೆಯನ್ನೇ ಇವ ಪಕ್ಕದಲ್ಲಿ ಕೂತು ಫೈಲಿಗಿಳಿಸಿದ್ದು. ಕೊನೆಕೊನೆಗೆ ಅವರು ಹೇಳಿದ ತಿದ್ದುಪಡಿಗಳೂ ಹೊಸದರಲ್ಲಿದ್ವು. ಅವರು ಹೋದಮೇಲೆ ಕರೆಯುವ ಹೆಸರನ್ನೂ ಅಬ್ಬಿ ಅಂತ ಬದಲಿಸಿದ್ದ, ಯಾರಿಗೂ ಹೇಳದೆ. ಹಳತರಲ್ಲಿ ಆ ಹೆಸರೇ ಇರಲಿಲ್ಲ.

“ಹಳ್ತ್ ಹಾಕ್ದ್ರಾ ಭಾವ?” ಅಂದ ಮೆಲ್ಲಗೆ. “ಹೊಸ್ತ್ ಇದ್ದದ್ ಇದೊಂದೇ.”

ಬೈದಿದ್ರೆ ಎಷ್ಟೋ ವಾಸಿ ಇತ್ತು!

ಅವ ಎಡಗೈ ಬಿಡಿಸಿ ಮೇಜಿನ ಮೇಲಿಟ್ಟ. ಹೆಬ್ಬೆರಳಿಂದ ಒಂದೊಂದೇ ಗೆಣ್ಣು ಮುಟ್ಟುತ್ತಾ, ಬಲಗೈಯಲ್ಲಿ ಒಂದೊಂದೇ ಸಾಲು ಬರೀತಾ ಹೋದ. ನಡುವೆ ತಡವರಿಸಿದ, ಮತ್ತೆ ಮೊದಲಿಂದ ಎಣಿಸಿದ. ಮಾಡಿದ್ದನ್ನೇ ಮತ್ತೆ ಮಾಡಿದ್ದು ಜನ್ಮದಲ್ಲಿ ಅದೇ ಮೊದಲು.

“ನಿಮ್ಮ ಅಬ್ಬಿಯೂ ಹೀಂಗೆ ಎಣ್ಸುದಿತ್ತ್” ಅಂದ್ರು ದೋಣಿಯವರು.

ಕಡೆಗೆ ಹೆಸರು ಹಾಕಿ ಕುರ್ಚಿ ನನ್ನ ಕಡೆ ತಿರುಗಿಸಿದ. “ನೀವೇ ಕರೀನಿ ಭಾವ.”

ಒತ್ತಿದೆ. ದಶಮಿ ಅಂತ ಬಂತು, ಅದರ ಕೆಳಗೆ ಭರ್ತದ ಹೊತ್ತು. ದೋಣಿಯವರು ತಮ್ಮ ಬೆರಳಲ್ಲೂ ಒಮ್ಮೆ ಎಣಿಸಿ, ಸಮಾ ಇತ್ತ್ ಅಂತ ತಲೆ ಅಲ್ಲಾಡಿಸಿ ಹೊರಟ್ರು.

ಭಾವ ಖಾಲಿ ಫ್ಲಾಪಿ ತೆಗೆದು ನಕಲು ಮಾಡಿ ನನ್ನ ಕೈಗಿಟ್ಟ. ಮತ್ತೊಂದು ತೆಗೆದ.

“ಅದ್ ಯಾರಿಗಾ?” ಅಂದೆ.

“ಅಕ್ಕನಿಗೆ.”