ಬಾಯಿ ಮುಚ್ಚಿಕೊಂಡು ತೋರಿಸಿದ ರೀಲು

ಹಳೆಯ ರೀಲುಗಳ ಕೆಲಸ ಎಂದರೆ ಧೂಳು ಒರೆಸಿಕೊಂಡು ಕೂರುವುದು ಎಂದುಕೊಂಡು ಸೇರಿದ್ದೆ. ಗ್ರಹಚಾರ, ಅವನ್ನು ಕೇಳಿಕೊಂಡು ಬರುವವರು ವಾರಕ್ಕೊಮ್ಮೆಯಾದರೂ ನನ್ನ ಎದೆ ಧಸಕ್ಕೆನಿಸದೆ ಬಿಡುವುದಿಲ್ಲ.

ನನ್ನ ಗಂಡನ ಸೋದರಮಾವ, ಎಸ್ಟೇಟ್ ದೊರೆಗಳು ಒಂದು ಕಾಲದಲ್ಲಿ ತೆಗೆದ ಫಿಲಂಗಳನ್ನು ಗುಜರಿಯವರಿಂದ ಕೊಂಡು, ಕುಶಾಲನಗರದಲ್ಲಿ ಒಂದು ಶುಂಠಿ ಮಂಡಿಯ ಮೇಲಿನ ಕೋಣೆಯಲ್ಲಿ ಪೇರಿಸಿಟ್ಟಿದ್ದಾರೆ. ಹಳೆಯ ಕೊಡಗಿನ ದೃಶ್ಯ ಬೇಕಾದ ಸಿನಿಮಾದವರು ಇಲ್ಲಿಗೆ ಬರುತ್ತಾರೆ. ಮಾವನ ಕಣ್ಣು ಮಂಜಾದ ಮೇಲೆ ಹುಡುಕಿ ತೋರಿಸುವವಳು ನಾನು. ಹತ್ತನೇ ಕ್ಲಾಸು ಓದಿದವಳಿಗೆ, ಮೂರು ವರ್ಷದ ಮಗಳನ್ನು ಪಕ್ಕದಲ್ಲೇ ಮಲಗಿಸಿಕೊಂಡು ಮಾಡುವಂಥ ಕೆಲಸ ಇಡೀ ಪೇಟೆಯಲ್ಲಿ ಇದೊಂದೇ.

ರಾಜರ ಬೇಟೆ

ಒಬ್ಬರು ಫೋನ್ ಮಾಡಿ, ಕೊಡಗಿನ ರಾಜರು ಆನೆ ಬೇಟೆಯಾಡುವ ಫಿಲಂ ಬೇಕು ಎಂದರು. ಆಗ ಕ್ಯಾಮೆರಾವೇ ಬಂದಿರಲಿಲ್ಲ ಸಾರ್ ಎಂದೆ. ಸ್ವಲ್ಪ ಮಸುಕಾಗಿದ್ದರೂ ನಡೆಯುತ್ತದೆ ಎಂದರು.

"ರಾಜರನ್ನೇ ಕೇಳಿ ನೋಡ್ತೀನಿ, ಬೇಟೆಯಿಂದ ವಾಪಸ್ ಬರಲಿ" ಎಂದೆ.

ಅವರು ಮತ್ತೆ ಫೋನ್ ಮಾಡಿದ್ದು ಮಾವನಿಗೆ.

ನಗದ ಹೆಂಗಸರು

ಕಾಫಿಪುಡಿಯ ಜಾಹೀರಾತು ಮಾಡುವವರೊಬ್ಬರಿಗೆ ಸಿದ್ದಾಪುರದ ಕಡೆಯ ತೋಟದಲ್ಲಿ ಹೆಂಗಸರು ಕಾಫಿ ಹಣ್ಣು ಕೊಯ್ಯುವ ದೃಶ್ಯ ತೋರಿಸಿದೆ. ಎರಡು ಸಲ ನೋಡಿ, ಹೆಂಗಸರು ಯಾಕೋ ನಗುತ್ತಿಲ್ಲ, ನಗುವ ಹಾಗೆ ಇನ್ನೊಮ್ಮೆ ತೆಗೆದದ್ದು ಇದೆಯಾ ಎಂದರು. ಅವರೆಲ್ಲ ಸತ್ತೇ ಎಷ್ಟು ವರ್ಷವಾಯಿತೋ ಏನೋ. ನನ್ನ ಬಾಯಿ ಸುಮ್ಮನಿರಲಿಲ್ಲ.

"ಹಿಂದೆ ಆಳುಗಳ ಮೇಲೆ ಕಣ್ಣಿಡುವ ರೈಟರ್ ಕೋಲು ಹಿಡಿದು ನಿಂತಿದ್ದಾನೆ ನೋಡಿ. ನಿಮ್ಮ ಹಿಂದೆ ನಿಂತಿದ್ದರೆ ನೀವು ಎಷ್ಟು ಹಲ್ಲು ಬಿಡ್ತಿದ್ರಿ?"

ಅವರೂ ಹೋದರು. ಸಂಜೆ ಮಾವ ಕರೆದು ಹೇಳಿದರು: "ಮುಂದಿನವರ ಎದುರು ಬಾಯಿ ಬಿಟ್ಟರೆ, ಮಾರನೇ ದಿನದಿಂದ ಬರೋದು ಬೇಡ."

ಸೌಮ್ಯ ಹೆಣ್ಣು

ಮುಂದಿನವರು ದೊಡ್ಡ ನಿರ್ದೇಶಕರು. ಅಜ್ಜಂದಿರ ಕಾಲದ ಗೌಡರ ಮದುವೆ ಬೇಕಿತ್ತು. ಮಾವ ಡಬ್ಬಿ ತಡವಿ ತೆಗೆದುಕೊಟ್ಟು, ಮೇಲೆ ತಮ್ಮದೇ ಅಕ್ಷರ ಇದೆ, ತಪ್ಪುವ ಮಾತೇ ಇಲ್ಲ ಎಂದರು. ನಾನು ತುಟಿ ಬಿಗಿದು ರೀಲನ್ನು ಪ್ರೊಜೆಕ್ಟರಿಗೆ ಹಾಕಿ ಗೋಡೆಗೆ ಬಿಟ್ಟೆ.

ಕಪ್ಪುಬಿಳುಪು, ತುಂಬ ಗೀರು. ಪೇಟ ಕಟ್ಟಿದ ಮದುಮಗ, ತಲೆ ತಗ್ಗಿಸಿದ ಮದುಮಗಳು. ಒಂದು ಹೆಜ್ಜೆ ಮುಂದೆ ಹೋಗಿ ನೋಡಿದೆ. ಮದುಮಗ ನನ್ನ ಗಂಡ. ಮದುಮಗಳು ನಾನು. ಏಳು ವರ್ಷದ ಹಿಂದೆ ಮಾವ ತಮ್ಮ ಹಳೆಯ ಕ್ಯಾಮೆರಾದಲ್ಲಿ ಉಳಿದಿದ್ದ ಕೊನೆಯ ಫಿಲಂ ಸುತ್ತನ್ನು ನಮ್ಮ ಮದುವೆಗೆ ಖರ್ಚು ಮಾಡಿ, ಆಮೇಲೆ ಅದು ಎಲ್ಲೋ ಕಳೆದುಹೋಯಿತು ಎಂದಿದ್ದರು. ಕಳೆದದ್ದು ಈ ಡಬ್ಬಿಯೊಳಗೆ.

ನಿರ್ದೇಶಕರು ಕುರ್ಚಿಯ ತುದಿಗೆ ಬಂದಿದ್ದರು. ಆ ಕಾಲದ ಮುಖಗಳೇ ಬೇರೆ, ಈಗ ಹುಡುಕಿದರೂ ಸಿಗುವುದಿಲ್ಲ ಎಂದರು. "ಆ ಹೆಣ್ಣುಮಗಳನ್ನು ನೋಡಮ್ಮ. ಏನು ಸೌಮ್ಯ! ಒಂದು ಮಾತಾದರೂ ಆಡ್ತಾಳಾ?"

ಮಾವ ಹೆಮ್ಮೆಯಿಂದ ತಲೆದೂಗಿದರು. ಬಾಯಿ ಬಿಟ್ಟರೆ ಕೆಲಸ ಹೋಗುತ್ತದೆ. ಬಿಡದಿದ್ದರೆ ನಾನು ಊರೆಲ್ಲ ನೋಡುವ ಸಿನಿಮಾದಲ್ಲಿ ಯಾರದ್ದೋ ಮುತ್ತಜ್ಜಿಯಾಗುತ್ತೇನೆ. ನಾಲಿಗೆ ಕಚ್ಚಿಕೊಂಡು ನಿಂತೆ.

ಅಷ್ಟರಲ್ಲಿ ಮಗಳನ್ನು ಕರೆದೊಯ್ಯಲು ನನ್ನ ಗಂಡ ಹೆಲ್ಮೆಟ್ ಹಿಡಿದು ಮೆಟ್ಟಿಲು ಹತ್ತಿ ಬಂದರು. ನಿರ್ದೇಶಕರು ಅವರನ್ನು ನೋಡಿ, ಗೋಡೆ ನೋಡಿ, ಎದ್ದುಹೋಗಿ ಎರಡೂ ಕೈ ಹಿಡಿದುಕೊಂಡು, ನಿಮ್ಮ ಮುತ್ತಜ್ಜನ ಪಡಿಯಚ್ಚು ನೀವು ಎಂದರು.

ನನ್ನ ಗಂಡ ಗೋಡೆ ನೋಡಿ ಅರಳಿದರು. "ಮಾವ, ನಮ್ಮ ಮದುವೆ ರೀಲು ಸಿಕ್ಕಿತಲ್ಲ."

ಮಾವ ನನ್ನ ಕಡೆ ತಿರುಗಿದರು. ನಾನು ತುಟಿ ಬಿಚ್ಚಿರಲಿಲ್ಲ. ಕೆಲಸ ತೆಗೆಯಲು ಅವರಿಗೆ ಕಾರಣವೇ ಸಿಗಲಿಲ್ಲ.

ನಿರ್ದೇಶಕರು ಮೆಲ್ಲಗೆ ಕೇಳಿದರು: "ಹಾಗಾದರೆ ಆ ಸೌಮ್ಯ ಹೆಣ್ಣು?"

ನನ್ನ ಗಂಡ ನಿಟ್ಟುಸಿರು ಬಿಟ್ಟರು. "ಅದನ್ನು ಕಂಡು ನಾನೂ ಮೋಸ ಹೋದೆ ಸಾರ್. ಮದುವೆಯ ಹಿಂದಿನ ದಿನ ಇವಳ ದವಡೆ ಹಲ್ಲು ಕಿತ್ತಿದ್ದರು. ನಾಲ್ಕನೇ ದಿನಕ್ಕೆ ಊತ ಇಳಿಯಿತು."