ಸೀಟು ಹಿಡಿದ ದೇವಶಾಸ್ತ್ರ

ಯಾವ ಕೆಲಸವನ್ನೇ ಆಗಲಿ, ಕ್ರಮಬದ್ಧವಾಗಿ ಮಾಡಿದರೆ ಸೋಲಿಲ್ಲ ಎಂಬುದು ಆಗ ನನ್ನ ದೃಢವಾದ ನಂಬಿಕೆಯಾಗಿತ್ತು. ಸಿದ್ಧಕಟ್ಟೆಯಿಂದ ದಿನವೂ ಮೂಡುಬಿದಿರೆಗೆ ಬಸ್ಸಿನಲ್ಲಿ ಹೋಗಿ, ಒಂದು ಟ್ಯುಟೋರಿಯಲ್ಲಿನಲ್ಲಿ ಎಸ್ಸೆಸ್ಸೆಲ್ಸಿ ಫೇಲಾದವರಿಗೆ ಇಂಗ್ಲಿಷ್ ಕಲಿಸುತ್ತಿದ್ದ ಕಾಲ ಅದು. ಮನೆಯ ಟೂತ್‌ಪೇಸ್ಟು ಯಾವ ದಿನ ಶುರುವಾಯಿತು, ಯಾವ ದಿನ ಮುಗಿಯಿತು ಎಂಬುದನ್ನೂ ಡೈರಿಯಲ್ಲಿ ಬರೆದಿಡುವ ಮನುಷ್ಯ ನಾನು. ಇಂಥವನಿಗೆ ದೇವರನ್ನು ಅರ್ಥ ಮಾಡಿಕೊಳ್ಳುವುದು ಎಷ್ಟರ ಕೆಲಸ?

ಹೀಗಾಗಿ, ನಮ್ಮೂರಿನ ಹತ್ತಿರದ ಇಗರ್ಜಿಯ ಫಾದರ್ ಗ್ರೆಗರಿಯವರು ಒಂದು ದಿನ ತಮ್ಮ ಕಪಾಟಿನಿಂದ ಒಂದು ದಪ್ಪ ಇಂಗ್ಲಿಷ್ ಪುಸ್ತಕ ತೆಗೆದು ಕೊಟ್ಟಾಗ ನನಗೆ ಆಶ್ಚರ್ಯವೇನೂ ಆಗಲಿಲ್ಲ. ಊರಿನಲ್ಲಿ ಇಷ್ಟು ಜನ ಇರುವಾಗ ನನಗೇ ಕೊಟ್ಟರು ಎಂದರೆ ಅವರಿಗೆ ಮನುಷ್ಯರ ಪರಿಚಯ ಉಂಟು ಎಂದುಕೊಂಡೆ.

ಐನೂರು ಪುಟ. ಕಪ್ಪು ರಟ್ಟು, ಅದರ ಮೇಲೆ ಚಿನ್ನದ ಬಣ್ಣದ ಶಿಲುಬೆ. ಆಧುನಿಕ ಕಾಲದ ಕ್ರೈಸ್ತ ಚಿಂತಕರೆಲ್ಲ ಅದರೊಳಗೆ ಸೇರಿ ಜಗಳವಾಡುತ್ತಿದ್ದರು. ತರ್ಕದ ಏಣಿ ಹಾಕಿ ದೇವರನ್ನು ತಲುಪಲಾಗದು, ಕಣ್ಣು ಮುಚ್ಚಿ ಹಾರಲೇಬೇಕು ಎಂದು ಒಬ್ಬ. ದೇವರು ನಾವು ಎದುರಿಗಿಟ್ಟುಕೊಂಡು ನೋಡುವ ವಸ್ತುವೇ ಅಲ್ಲ ಎಂದು ಇನ್ನೊಬ್ಬ. ಮನುಷ್ಯನೊಳಗೆ ಕಾರಣವೇ ಇಲ್ಲದ ಒಂದು ಭಯ ಸದಾ ಕುಳಿತಿರುತ್ತದೆ ಎಂದು ಮತ್ತೊಬ್ಬ. ಇದೆಲ್ಲ ನನಗೆ ಹೇಗೆ ಗೊತ್ತು ಎಂದರೆ, ಪುಸ್ತಕದ ಮುನ್ನುಡಿಯಲ್ಲಿ ಇತ್ತು.

ದಿನಕ್ಕೆ ಹತ್ತು ಪುಟ, ಐವತ್ತು ದಿನಕ್ಕೆ ದೇವರು ಮುಗಿಯಬೇಕು ಎಂದು ಯೋಜನೆ ಹಾಕಿದೆ. ಮೊದಲ ದಿನ ಹತ್ತು ಪುಟ ಓದಿದೆ. ಎರಡನೇ ದಿನ ನಾಲ್ಕು. ಮೂರನೇ ದಿನ ಒಂದು. ನಾಲ್ಕನೇ ದಿನ, ಮೊದಲ ದಿನದ್ದು ಮರೆತುಹೋದದ್ದರಿಂದ, ಪುನಃ ಪೀಠಿಕೆಯಿಂದ ಶುರು. ಮೂರು ತಿಂಗಳು ಕಳೆಯುವಷ್ಟರಲ್ಲಿ ನಾನು ನಲವತ್ತೊಂದನೇ ಪುಟದಲ್ಲಿ ಗಟ್ಟಿಯಾಗಿ ನೆಲೆಸಿದ್ದೆ.

ಓದುವುದು ಕಡಿಮೆಯಾದಂತೆ ಹೊತ್ತುಕೊಂಡು ತಿರುಗುವುದು ಹೆಚ್ಚಾಯಿತು. ಮೂಡುಬಿದಿರೆಯ ಬಸ್ ಸ್ಟ್ಯಾಂಡಿನಲ್ಲಿ ಎಲ್ಲೆಲ್ಲಿಂದಲೋ ಬಂದ ಕಾಲೇಜು ವಿದ್ಯಾರ್ಥಿಗಳ ಮಧ್ಯೆ, ಶಿಲುಬೆ ಹೊರಗೆ ಕಾಣುವಂತೆ ಪುಸ್ತಕವನ್ನು ಎದೆಗೊತ್ತಿ ನಿಲ್ಲುತ್ತಿದ್ದೆ. ಒಮ್ಮೆ ಒಬ್ಬಳು ಹುಡುಗಿ, "ಸರ್, ನೀವು ಪಾದ್ರಿ ಆಗ್ಲಿಕ್ಕೆ ಕಲೀತಿದ್ದೀರಾ?" ಎಂದು ಕೇಳಿದಳು. ಪ್ರಶ್ನೆಯಲ್ಲಿ ಗೌರವವಿತ್ತು, ಆದರೆ ನಾನು ಬಯಸಿದ ಜಾತಿಯ ಗೌರವ ಅದಾಗಿರಲಿಲ್ಲ.

ಮೇ ತಿಂಗಳ ಒಂದು ಗುರುವಾರ ಬೆಳಿಗ್ಗೆ ಬಸ್ಸಿಗೆ ಕಾಯುತ್ತಿದ್ದಾಗ ಫಾದರ್ ಗ್ರೆಗರಿಯವರೇ ಬೈಕು ನಿಲ್ಲಿಸಿದರು.

"ಸದಾಶಿವ, ನನಗೆ ವರ್ಗ ಆಯಿತು ಮಾರಾಯ. ಶನಿವಾರ ಬೆಳಿಗ್ಗೆ ಹೊರಡುವುದು. ಆ ಪುಸ್ತಕ ಮಾತ್ರ ತಪ್ಪದೆ ಬೇಕು. ಬೇರೆ ಎಂತ ಬಿಟ್ಟು ಹೋದರೂ ಅದನ್ನು ಬಿಡ್ಲಿಕ್ಕೆ ಆಗುವುದಿಲ್ಲ."

"ನಾಳೆ ಸಂಜೆ ತಂದು ಕೊಡ್ತೇನೆ ಫಾದರ್."

ಪುಸ್ತಕ ಆಗ ನನ್ನ ಕೈಚೀಲದೊಳಗೇ ಇತ್ತು! ಅವರ ಮೂಗಿನಿಂದ ಒಂದು ಮೊಳ ದೂರದಲ್ಲಿ! ಕೊಟ್ಟುಬಿಟ್ಟಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ. ಆದರೆ ಉಳಿದ ನಾನೂರ ಐವತ್ತೊಂಬತ್ತು ಪುಟಗಳನ್ನು ಮರುದಿನ ಸಂಜೆಯೊಳಗೆ ಓದಿ ಮುಗಿಸುವ ಸದುದ್ದೇಶ ನನಗಿತ್ತು.

ಆ ಸಂಜೆ ಮೂಡುಬಿದಿರೆಯಲ್ಲಿ ಮದುವೆ ಮುಗಿಸಿ ಬಂದವರ ನೂಕುನುಗ್ಗಲು. ನಮ್ಮ ಕಡೆಯ ಬಸ್ಸುಗಳಿಗೆ ಒಂದು ಅಲಿಖಿತ ಕಾನೂನುಂಟು. ಬಸ್ಸು ಬಂದ ಕೂಡಲೇ ಹೊರಗಿನಿಂದ ಕಿಟಕಿಯ ಮೂಲಕ ಕರ್ಚೀಫೋ ಟವೆಲ್ಲೋ ಕೊಡೆಯೋ ಸೀಟಿಗೆ ಹಾಕಬೇಕು. ವಸ್ತು ಯಾರದೋ ಸೀಟು ಅವರದು. ಹಿಂದಿನ ದಿನ ನನ್ನ ಕರ್ಚೀಫನ್ನು ಯಾರೋ ಎತ್ತಿ ಹೊರಗೆಸೆದು ಕುಳಿತಿದ್ದರು. ಕರ್ಚೀಫಿಗೆ ತೂಕವಿಲ್ಲ, ಗಾಂಭೀರ್ಯವಿಲ್ಲ. ಆದರೆ ಶಿಲುಬೆ ಇರುವ ಪುಸ್ತಕವನ್ನು ಎತ್ತಿ ಬಿಸಾಡುವ ಧೈರ್ಯ ಯಾರಿಗುಂಟು? ಎರಡು ಬಸ್ಸುಗಳ ನಡುವಿನ ಸಂದಿಗೆ ನುಗ್ಗಿದೆ. ಕಣ್ಣು ಮುಚ್ಚಿ ಹಾರಬೇಕು ಎಂದ ಚಿಂತಕನ ಮಾತನ್ನು ಪುಸ್ತಕಕ್ಕೇ ಅನ್ವಯಿಸಿ, ಕಿಟಕಿಯೊಳಗೆ ಹಾರಿಸಿದೆ. ಬಳಿಕ ಜನರನ್ನು ತಳ್ಳಿಕೊಂಡು ಸಿದ್ಧಕಟ್ಟೆ ಬಸ್ಸು ಹತ್ತಿದೆ.

ನನ್ನ ಸೀಟಿನಲ್ಲಿ ಒಬ್ಬರು ವಯಸ್ಸಾದವರು ಆರಾಮವಾಗಿ ಕುಳಿತಿದ್ದರು.

"ಏಳಿ. ಇದು ನನ್ನ ಸೀಟು," ಎಂದೆ.

"ಯಾರು ಹೇಳಿದ್ದು?"

"ನಾನು ಪುಸ್ತಕ ಹಾಕಿದ್ದೇನೆ."

"ಎಲ್ಲಿ?"

"ನೀವು ಅದರ ಮೇಲೆ ಕೂತಿದ್ದೀರಿ!"

ಅವರು ನಿಧಾನಕ್ಕೆ ಎದ್ದು, ಪಂಚೆ ಸರಿಸಿ, ಸೀಟನ್ನು ಇಡೀ ಬಸ್ಸಿಗೆ ತೋರಿಸಿದರು. "ನೋಡಿ ಮಾರ್ರೆ. ಪುಸ್ತಕವೂ ಇಲ್ಲ, ಮೊಟ್ಟೆಯೂ ಇಲ್ಲ." ಎಂದು ಪುನಃ ಕುಳಿತರು.

ಬಸ್ಸಿಡೀ ನಕ್ಕಿತು. ನಾನು ಕಿಟಕಿಯ ಹೊರಗೆ ನೋಡಿದೆ. ಪಕ್ಕದ ಬಸ್ಸು ಹೊರಟಿತ್ತು. ಒಂದೇ ಮಾಲಕರ ಬಸ್ಸು, ಒಂದೇ ಬಣ್ಣ, ಬೋರ್ಡು ಮಾತ್ರ ಬೇರೆ: ಬೆಳ್ತಂಗಡಿ – ನೆರಿಯ. ಅದರ ಕಿಟಕಿಯಲ್ಲಿ ಒಬ್ಬ ದಢೂತಿ ಮನುಷ್ಯ ಸೆಕೆಗೆ ಗಾಳಿ ಹಾಕಿಕೊಳ್ಳುತ್ತಿದ್ದ. ಬೀಸಣಿಗೆಯಲ್ಲಿ ಚಿನ್ನದ ಶಿಲುಬೆ ಆಚೀಚೆ ಆಡುತ್ತ ನನಗೆ ಟಾಟಾ ಹೇಳುತ್ತಿತ್ತು.

"ನಿಲ್ಸಿ! ನಿಲ್ಸಿ! ನನ್ನ ದೇವಶಾಸ್ತ್ರ!" ಎಂದು ಕೂಗಿ ಕೆಳಗೆ ಹಾರಿದೆ. ದೇವಶಾಸ್ತ್ರಕ್ಕಾಗಿ ಯಾವ ಬಸ್ಸೂ ನಿಲ್ಲುವುದಿಲ್ಲ.

ಸ್ಟ್ಯಾಂಡಿನಲ್ಲಿದ್ದ ಬಸ್ ಏಜೆಂಟ್ ನನ್ನ ಕಥೆ ಕೇಳಿ ಸಮಾಧಾನ ಹೇಳಿದ. "ಅದು ನೆರಿಯದಲ್ಲಿ ಹಾಲ್ಟು. ನಾಳೆ ಬೆಳಿಗ್ಗೆ ಬೆಳ್ತಂಗಡಿಗೆ ಬರ್ತದೆ. ಅಲ್ಲಿ ಹಿಡೀರಿ. ಪುಸ್ತಕ ಅಲ್ವಾ? ಯಾರೂ ಕದಿಯುವುದಿಲ್ಲ ಬಿಡಿ."

ಮನೆಯಲ್ಲಿ ಅಮ್ಮ ಅಷ್ಟು ಸುಲಭಕ್ಕೆ ಬಿಡಲಿಲ್ಲ. "ಇಗರ್ಜಿಯ ಪುಸ್ತಕ ಕಳೆದು ಹಾಕಿದಿಯಾ? ಆ ಫಾದರ್ ನಿನ್ನನ್ನು ಮನುಷ್ಯ ಅಂತ ನಂಬಿ ಕೊಟ್ಟದ್ದಲ್ವಾ? ನಾಡಿದ್ದು ಅವರು ಬರಿಗೈಯಲ್ಲಿ ಹೋಗುವುದಾ? ಇನ್ನು ಆ ರಸ್ತೆಯಲ್ಲಿ ನಾನು ಯಾವ ಮುಖ ಹೊತ್ತು ನಡೆಯಲಿ?"

ಕಾರಣವಿಲ್ಲದ ಭಯದ ಬಗ್ಗೆ ನಾನು ಓದಿದ್ದೆ. ಅಂದು ನನ್ನಲ್ಲಿದ್ದದ್ದು ಎಲ್ಲ ಕಾರಣಗಳೂ ಇರುವ ಭಯ.

ಶುಕ್ರವಾರ ಬೆಳಿಗ್ಗೆ ಎರಡು ಬಸ್ಸು ಬದಲಿಸಿ ಬೆಳ್ತಂಗಡಿ ತಲುಪಿ ಕಾದು ನಿಂತೆ. ನೆರಿಯದ ಬಸ್ಸು ಬಂತು. ಅದರ ಮುಂದಿನ ಗಾಜಿನ ಒಳಗೆ, ಎಲ್ಲ ಬಸ್ಸುಗಳಲ್ಲಿ ಇರುವ ಹಾಗೆ, ದೇವರ ಹಲಗೆ. ಎಡಕ್ಕೆ ಗಣಪತಿ, ನಡುವೆ ಬಾಲ ಯೇಸು, ಬಲಕ್ಕೆ ಮಕ್ಕಾದ ಚಿತ್ರ. ಅವುಗಳ ಪಕ್ಕದಲ್ಲಿ ನಾಲ್ಕನೆಯದಾಗಿ ನನ್ನ ಪುಸ್ತಕ! ಸುತ್ತ ಮಲ್ಲಿಗೆಯ ಮಾಲೆ. ಶಿಲುಬೆಯ ನಟ್ಟನಡುವೆ ಕುಂಕುಮದ ಬೊಟ್ಟು. ಎದುರಿಗೆ ಎರಡು ಊದುಬತ್ತಿಗಳು ಹೊಗೆಯಾಡುತ್ತಿದ್ದವು. ದೇವರನ್ನು ವಸ್ತುವಾಗಿ ಎದುರಿಗಿಟ್ಟುಕೊಳ್ಳಬೇಡಿ ಎಂದು ಐನೂರು ಪುಟ ವಾದಿಸಿದ ಪುಸ್ತಕ, ಹೂ ಮುಡಿದು ಎದುರಿಗೇ ಕುಳಿತಿತ್ತು.

ಕಂಡಕ್ಟರ್ ಹಮೀದ್ ವಿವರಿಸಿದ. "ಸೀಟಿನ ಅಡಿಯಲ್ಲಿ ಬಿದ್ದಿತ್ತು ಭಾಯಿ. ಶಿಲುಬೆ ಉಂಟು, ಕಾಲಡಿಗೆ ಬಿಡ್ಲಿಕ್ಕೆ ಆಗ್ತದಾ? ಎತ್ತಿ ಮುಂದೆ ಇಟ್ಟೆ. ಬೆಳಿಗ್ಗೆ ಮೋನಪ್ಪಣ್ಣ ಪೂಜೆ ಮಾಡುವಾಗ ಅದಕ್ಕೂ ಮಾಡಿದರು. ಮೂರಕ್ಕೆ ಮಾಡಿ ಒಂದನ್ನು ಬಿಟ್ಟರೆ ಚಂದ ಉಂಟಾ?"

ಮೋನಪ್ಪಣ್ಣ ಎಂದರೆ ಡ್ರೈವರು. ಸ್ಟೇರಿಂಗಿನ ಮೇಲೆ ಎರಡೂ ಕೈ ಇಟ್ಟು ನನ್ನನ್ನು ಅಳೆದು ನೋಡಿದರು. "ನಿನ್ನದಾ? ಆಗ್ಲಿಕ್ಕಿಲ್ಲ. ಈ ಬಸ್ಸು ಮಳೆಗಾಲದಿಂದ ಈಚೆಗೆ ತಳ್ಳದೆ ಸ್ಟಾರ್ಟ್ ಆದದ್ದೇ ಇಲ್ಲ. ಇವತ್ತು ಒಂದೇ ಸೆಲ್ಫ್ ಸ್ಟಾರ್ಟಿಗೆ ಎದ್ದಿತು ಮಾರಾಯ! ಒಂದೇ ಸ್ಟಾರ್ಟಿಗೆ! ಇಂಥಾದ್ದನ್ನು ಹಾಗೆ ಸುಮ್ಮನೆ ಯಾರಿಗಾದರೂ ಕೊಡುವುದಾ? ನಿನ್ನದೇ ಆದರೆ ಹೇಳು, ಎಂತ ಬರೆದದ್ದುಂಟು ಇದರಲ್ಲಿ?"

ನನ್ನ ಜೀವನದ ಮೊದಲ ದೇವಶಾಸ್ತ್ರದ ಉಪನ್ಯಾಸ ಹೀಗೆ, ಬೆಳ್ತಂಗಡಿಯಲ್ಲಿ, ಬಸ್ಸಿನ ಮೆಟ್ಟಿಲ ಮೇಲೆ ನಡೆಯಿತು. ಬಸ್ಸು ತುಂಬ ಶ್ರೋತೃಗಳು.

"ಇದರಲ್ಲಿ ಎಂತ ಅಂದರೆ, ಮನುಷ್ಯನೊಳಗೆ ಒಂದು ಭಯ ಉಂಟು. ಅದಕ್ಕೆ ಕಾರಣ ಇಲ್ಲ," ಎಂದೆ.

ಮುಂದಿನ ಸೀಟಿನಲ್ಲಿ ಕೋಳಿ ಹಿಡಿದು ಕುಳಿತ ಅಕ್ಕ ಕನಿಕರದಿಂದ ಹೇಳಿದರು. "ಹಾಗಿದ್ದರೆ ಒಂದು ಮಂತ್ರಿಸಿದ ನೂಲು ಕಟ್ಟಿಸು ಮಗಾ. ಸಣ್ಣ ಪ್ರಾಯ."

"ಕಾರಣ ಇಲ್ಲದ್ದು ಎಂತ?" ಎಂದ ಹಮೀದ್. "ಮೋನಪ್ಪಣ್ಣ ತಿರುವಿನಲ್ಲಿ ಓವರ್‌ಟೇಕ್ ಮಾಡುವಾಗ ಕಾರಣ ಉಂಟಲ್ಲ!"

"ನೀನು ಬಾಯಿ ಮುಚ್ಚು," ಎಂದರು ಮೋನಪ್ಪಣ್ಣ. "ಮತ್ತೆ ಎಂತ ಉಂಟು? ಹೇಳು."

"ಮತ್ತೆ... ದೇವರನ್ನು ವಸ್ತುವಿನ ಹಾಗೆ ಎದುರಿಗಿಟ್ಟು..." ಎಂದು ಶುರುಮಾಡಿ ಹಲಗೆಯ ಕಡೆ ನೋಡಿದೆ. ಮಲ್ಲಿಗೆ ನೋಡಿದೆ. ಮೋನಪ್ಪಣ್ಣನ ತೋಳು ನೋಡಿದೆ. ಆ ಸಿದ್ಧಾಂತವನ್ನು ಅಲ್ಲಿಗೇ ಬಿಟ್ಟೆ.

"ಅಷ್ಟೇಯಾ? ಇಷ್ಟು ದಪ್ಪ ಪುಸ್ತಕದಲ್ಲಿ?"

"ನಾನು ಓದಿದ್ದು ಅಷ್ಟೇ," ಎಂದೆ. "ಅಣ್ಣಾ, ಅದು ನನ್ನದಲ್ಲ. ಫಾದರ್ ಗ್ರೆಗರಿಯವರದು. ಅವರು ನಾಳೆ ಬೆಳಿಗ್ಗೆ ಊರು ಬಿಟ್ಟು ಹೋಗ್ತಾರೆ. ಇವತ್ತು ಕೊಡದಿದ್ದರೆ ನಾನು ಪುನಃ ಅವರ ಮುಖ ನೋಡುವ ಹಾಗಿಲ್ಲ."

"ಫಾದರ್‌ದಾ?" ಮೋನಪ್ಪಣ್ಣ ಎದ್ದೇಬಿಟ್ಟರು. "ಅದನ್ನು ಮೊದಲೇ ಹೇಳುವುದು ಬಿಟ್ಟು ಭಯ ಗಿಯ ಅಂತ ಎಂತ ನಿನ್ನದು?" ಹಲಗೆಗೆ ಕೈ ಮುಗಿದು, ಮಾಲೆ ತೆಗೆದು ಬಾಲ ಯೇಸುವಿಗೆ ಹಾಕಿ, ಪುಸ್ತಕವನ್ನು ಎರಡೂ ಕೈಯಲ್ಲಿ ನನಗೆ ಕೊಟ್ಟರು. ಇಡೀ ರಾತ್ರಿ ಎದೆಯ ಮೇಲೆ ಕುಳಿತಿದ್ದ ಕಲ್ಲು ಇಳಿಯಿತು. ಐನೂರು ಪುಟದ ಭಾರ ಅಷ್ಟು ಹಗುರ ಎಂದು ನನಗೆ ಗೊತ್ತೇ ಇರಲಿಲ್ಲ.

ಮೋನಪ್ಪಣ್ಣ ಕುಳಿತು ಕೀಲಿ ತಿರುಗಿಸಿದರು. ಬಸ್ಸು ಕೆಮ್ಮಿತು. ಪುನಃ ತಿರುಗಿಸಿದರು. ಪುನಃ ಕೆಮ್ಮಿತು. ಮೂರನೇ ಸಲ ಕೆಮ್ಮಲೂ ಇಲ್ಲ.

ಬಸ್ಸಿನಲ್ಲಿದ್ದ ಎಲ್ಲರೂ ನನ್ನ ಕಂಕುಳು ನೋಡಿದರು. ಕೋಳಿಯೂ ನೋಡಿತು.

"ಇಳೀರಿ," ಎಂದ ಹಮೀದ್. "ದೇವರನ್ನು ಇಳಿಸಿದವರೇ ತಳ್ಳಬೇಕು."

ಒಂದು ಕಂಕುಳಲ್ಲಿ ಆಧುನಿಕ ಚಿಂತನೆ, ಇನ್ನೊಂದು ಭುಜ ಬಸ್ಸಿನ ಹಿಂಬದಿಗೆ. ಪಾಪ ಎನಿಸಿತೋ ಏನೋ, ಇಬ್ಬರು ಗಂಡಸರು ಇಳಿದು ಕೈ ಸೇರಿಸಿದರು. ಉಳಿದವರು ಒಳಗಿನಿಂದಲೇ "ಜೋರು, ಜೋರು!" ಎಂದು ಧರ್ಮಕಾರ್ಯ ಮಾಡಿದರು. ಪೆಟ್ರೋಲ್ ಬಂಕಿನ ಹತ್ತಿರ ಬಸ್ಸು ದಡಕ್ಕನೆ ಎದ್ದು, ನನ್ನ ಬಿಳಿ ಅಂಗಿಯ ತುಂಬ ಕಪ್ಪು ಹೊಗೆ ಉಗಿದು ಹೋಯಿತು.

ಮನೆಗೆ ಬಂದು ರಟ್ಟಿನ ಕುಂಕುಮ ಒರೆಸಲು ಒದ್ದೆ ಬಟ್ಟೆ ತೆಗೆದುಕೊಂಡೆ. ಅಮ್ಮ ಕಿತ್ತುಕೊಂಡರು.

"ಶುಕ್ರವಾರ ಕುಂಕುಮ ಒರೆಸುವುದಾ? ತಲೆ ಸರಿ ಉಂಟಾ ನಿನಗೆ?"

"ಅಮ್ಮಾ, ಅದು ಪುಸ್ತಕ!"

"ಯಾವುದಾದರೂ ಆಗಲಿ. ನಾಳೆ ಬೇಕಾದರೆ ಒರೆಸು."

ನಾಳೆ ಫಾದರ್ ಇರುವುದಿಲ್ಲ. ಹೀಗೆ ಸಕಲ ಅಲಂಕಾರ ಸಮೇತ ಸಂಜೆ ಇಗರ್ಜಿಯ ಬಂಗ್ಲೆಗೆ ಹೋದೆ. ಫಾದರ್ ಟ್ರಂಕು ತುಂಬುತ್ತಿದ್ದರು. ಪುಸ್ತಕ ತೆಗೆದುಕೊಂಡು, ಕನ್ನಡಕ ಏರಿಸಿ, ಮೂಗಿನ ಹತ್ತಿರ ತಂದರು.

"ಇದೆಂತ, ಊದುಬತ್ತಿಯಾ?"

"ಹೌದು ಫಾದರ್."

"ಇದು ಕುಂಕುಮ?"

"ಹೌದು ಫಾದರ್."

"ನಾನು ಕೊಟ್ಟದ್ದು ಓದ್ಲಿಕ್ಕೆ ಅಲ್ವಾ ಮಾರಾಯ?" ಎಂದು ಟ್ರಂಕಿನ ಮೇಲೆ ಕುಳಿತರು. "ಅದಿರಲಿ. ಮೊದಲು ಹೇಳು, ಇದರಲ್ಲಿ ಎಂತ ಉಂಟು?"

ಒಂದೇ ದಿನದಲ್ಲಿ ಎರಡನೇ ಸಲ ಅದೇ ಪ್ರಶ್ನೆ! ಇನ್ನು ನಾಟಕ ಬೇಡ ಎನಿಸಿತು. "ನಾನು ನಲವತ್ತೊಂದನೇ ಪುಟದವರೆಗೆ ಮಾತ್ರ ಓದಿದ್ದೇನೆ ಫಾದರ್. ಅದೂ ಅರ್ಥ ಆಗಲಿಲ್ಲ."

ಫಾದರ್ ಬೈಯಲಿಲ್ಲ. ಅವರ ಮುಖವೇ ಇಳಿದುಹೋಯಿತು. "ಅಯ್ಯೋ ಸದಾಶಿವ! ನಿನ್ನನ್ನೇ ನಂಬಿ ಕೂತಿದ್ದೆನಲ್ಲ!"

ವಿಷಯ ಹೀಗಿತ್ತು. ಪುಸ್ತಕ ಅವರದೂ ಅಲ್ಲ. ಸೆಮಿನರಿಯಲ್ಲಿ ಕಲಿಯುತ್ತಿದ್ದಾಗ ಅವರ ಗುರುಗಳು ಓದಲೆಂದು ಕೊಟ್ಟದ್ದು. ಇಂದು ಓದಿದರಾಯಿತು, ನಾಳೆ ಓದಿದರಾಯಿತು ಎಂದು ಇಷ್ಟು ವರ್ಷ ಕಪಾಟಿನಲ್ಲೇ ಉಳಿಯಿತು. ಈಗ ವರ್ಗವಾದದ್ದು ಆ ಗುರುಗಳು ನಿವೃತ್ತರಾಗಿ ವಾಸವಿರುವ ಊರಿಗೇ. ಅವರು ಮೊದಲು ಕೇಳುವ ಪ್ರಶ್ನೆ, "ಗ್ರೆಗರಿ, ಪುಸ್ತಕ ಓದಿದೆಯಾ?"

"ಗುರುಗಳು ಒಂದು ದಿನ ಕೇಳಿಯೇ ಕೇಳ್ತಾರೆ, ಹುಡುಗ ಕ್ರಮದವ, ಪೂರ್ತಿ ಓದ್ತಾನೆ, ಸಾರಾಂಶ ಕೇಳಿಕೊಂಡರೆ ಆಯಿತು ಅಂತ ನಿನಗೆ ಕೊಟ್ಟದ್ದು," ಎಂದು ಫಾದರ್ ನಿಟ್ಟುಸಿರಿಟ್ಟರು. "ಈಗ ನಾನು ಅವರಿಗೆ ಎಂತ ಹೇಳಲಿ?"

ನಾನು ಕುಂಕುಮದ ಬೊಟ್ಟಿನ ಮೇಲೆ ಬೆರಳಿಟ್ಟೆ. ಬೇರೆ ದಾರಿಯಿಲ್ಲದೆ ನಾನು ಬಸ್ಸಿನ ಕಥೆ ಹೇಳಿದೆ. ಸೀಟು ಹಿಡಿದದ್ದು, ಬೀಸಣಿಗೆಯಾದದ್ದು, ಪೂಜೆಯಾದದ್ದು, ಕಡೆಗೆ ತಳ್ಳಿದ್ದು. ಫಾದರ್ ಮೊದಲು ತುಟಿ ಬಿಗಿ ಹಿಡಿದರು. ಕೋಳಿ ನೋಡಿದ ಜಾಗ ಬಂದಾಗ ತಡೆಯಲಾಗಲಿಲ್ಲ. ಕನ್ನಡಕ ತೆಗೆದು ಕಣ್ಣೊರೆಸಿಕೊಂಡು ನಕ್ಕರು.

"ಸಾಕು! ಇದು ಸಾಕು ಮಾರಾಯ! ನಮ್ಮ ಗುರುಗಳಿಗೆ ನಗು ಶುರುವಾದರೆ ಪರೀಕ್ಷೆ ಮರೆತುಹೋಗ್ತದೆ. ಪುನಃ ಹೇಳು, ಮೊದಲಿಂದ. ಕಂಡಕ್ಟರ್ ಎಂತ ಹೇಳಿದ್ದು?"

ಮೂರು ಸಲ ಹೇಳಿಸಿದರು. ಐನೂರು ಪುಟವನ್ನು ಮುಟ್ಟದ ಮನುಷ್ಯ ಇದನ್ನು ಬಾಯಿಪಾಠ ಮಾಡಿದರು.

"ಎಲ್ಲಿಯವರೆಗೆ ತಳ್ಳಿದೆ?"

"ಪೆಟ್ರೋಲ್ ಬಂಕಿನವರೆಗೆ."

"ನಾನು ಒಂದು ಮೈಲು ಅಂತ ಹೇಳ್ತೇನೆ. ಅಭ್ಯಂತರ ಇಲ್ಲವಲ್ಲ?"

ಪುಸ್ತಕ ಟ್ರಂಕಿನೊಳಗೆ ಹೋಯಿತು. ಬೀಗ ಬಿತ್ತು. ಆ ಟಕ್ ಎಂಬ ಸದ್ದಿಗೆ ನಾವಿಬ್ಬರೂ ಒಟ್ಟಿಗೇ ಉಸಿರು ಬಿಟ್ಟೆವು. ಕೈಬೀಸಿಕೊಂಡು ಗೇಟು ದಾಟುತ್ತಿದ್ದಾಗ ಫಾದರ್ ಕಿಟಕಿಯಿಂದ ಕರೆದರು.

"ಸದಾಶಿವ, ಈ ಹುಡುಗ ಯಾರು ಅಂತ ಗುರುಗಳು ಕೇಳಿದರೆ ಎಂತ ಹೇಳಲಿ? ದೊಡ್ಡ ಓದುಗ ಅಂತ ಹೇಳಲಾ?"

"ಬೇಡ ಫಾದರ್," ಎಂದೆ. "ಬಸ್ಸು ತಳ್ಳಿದವ ಅಂತಲೇ ಹೇಳಿ. ಅದಕ್ಕಾದರೆ ಸಾಕ್ಷಿಗಳಿದ್ದಾರೆ."