ಯಾವ ಬಾಟ್ಲಿ ಹಚ್ಚಲಿ?

ದವಾಖಾನೆಯಲ್ಲಿ ನಗು ಯಾವಾಗಲೂ ತಡವಾಗಿ ಬರುತ್ತದೆ. ಮೊದಲು ಬರುವುದು ಬೆವರು. ಬೆವರು ಆರಿ, ರೋಗಿ ಎದ್ದು ಕೂತು ಚಹಾ ಕೇಳಿದ ಮೇಲೆ, ‘ಅಲ್ಲಾ, ಆಗ ಅವರು ಅಂದದ್ದೇನು!’ ಎಂದು ನೆನಪಾಗಿ ನಾನೂ ನಮ್ಮ ಹಿರಿಯ ಸಿಸ್ಟರೂ ಔಷಧಿ ಕೋಣೆಯ ಬಾಗಿಲು ಹಾಕಿಕೊಂಡು ನಗುತ್ತೇವೆ. ಇಂಥದ್ದು ಆಗದ ವಾರವೇ ಇಲ್ಲ.

ನಾನು ನಿಪ್ಪಾಣಿಯ ಒಂದು ಸಣ್ಣ ದವಾಖಾನೆಯಲ್ಲಿ ಡಾಕ್ಟರು. ಜನರ ಬಾಯಲ್ಲಿ ‘ಡಾಕ್ಟರ್ ಬಾಯಿ’. ಹುಟ್ಟಾ ಅಂಜುಬುರುಕಿ. ಬಿಪಿ ಬಿದ್ದು, ಕೈಕಾಲು ತಣ್ಣಗಾಗಿ ಬಂದವರ ಮೈಗೆ ಮೊದಲು ನೀರು ತುಂಬಬೇಕು. ಯಾವ ನೀರು, ಎಷ್ಟು, ಎಷ್ಟು ಜೋರಾಗಿ ಅನ್ನುವುದು ನನ್ನ ತಲೆನೋವು. ಕಡಿಮೆಯಾದರೆ ಕಿಡ್ನಿ ಕೈಕೊಡುತ್ತದೆ. ಹೆಚ್ಚಾದರೆ ನೀರು ಎದೆಗೂಡಿಗೆ ಏರಿ ಉಸಿರು ಕಟ್ಟುತ್ತದೆ. ನೋಡುವವರಿಗೇನು, ಎಲ್ಲ ಬಾಟ್ಲಿಯೊಳಗೂ ನೀರೇ. ಎಲ್ಲದಕ್ಕೂ ಹೆಸರು ‘ಸಲೈನು’, ಇಲ್ಲವೇ ‘ಗ್ಲುಕೋಸು’. ಆ ಬಾಟ್ಲಿಗಳ ಕಪಾಟಿನ ಮುಂದೆ ನಿಂತಾಗ ನನ್ನ ಎದೆ ಹೇಗೆ ಹೊಡೆದುಕೊಳ್ಳುತ್ತದೆ ಅನ್ನುವುದು ನನಗೊಬ್ಬಳಿಗೇ ಗೊತ್ತು.

ನಂಬರ್ ಒನ್ ಸ್ಪೆಷಲ್

ಕೊಗನೊಳ್ಳಿ ಹತ್ತಿರ ಹೆದ್ದಾರಿಯಲ್ಲಿ ಬೈಕಿನಿಂದ ಬಿದ್ದ ತರುಣನೊಬ್ಬನನ್ನು ಹೊತ್ತು ತಂದರು. ತೊಡೆಯ ಎಲುಬು ಮುರಿದಿತ್ತು, ಒಳಗೇ ರಕ್ತ ಸೋರುತ್ತಿತ್ತು. ನಾಡಿ ನೂಲಿನಷ್ಟು ತೆಳ್ಳಗೆ. ರಕ್ತ ತರಲು ಜನ ಓಡಿದ್ದರು. ಅದು ಬರುವ ತನಕ ಜೀವ ಹಿಡಿದಿಡಬೇಕು. ರಕ್ತ ಬಂದ ಮೇಲೆ ಅದನ್ನೂ ಅದೇ ನಳಿಕೆಯಲ್ಲಿ ಬಿಡಬೇಕಾದ್ದರಿಂದ ನಾನು ಕೂಗಿದೆ: “ಸಿಸ್ಟರ್, ನಾರ್ಮಲ್ ಸಲೈನ್ ತರ್ರಿ, ಲಗೂ!”

ತರುಣನ ಸೋದರಮಾವ ನನ್ನ ಮತ್ತು ಕಾಟಿನ ನಡುವೆ ಬಂದು ನಿಂತ. ಪಟಕಾ ಸುತ್ತಿದ ದೊಡ್ಡ ಆಳು.

“ಥಾಂಬಾ, ನಿಂದ್ರರಿ! ಈಗರ ನೀವ ಹೇಳಿದ್ರಿ, ಹುಡುಗ ಭಾಳ ಸೀರಿಯಸ್ ಅದಾನ ಅಂತ. ಈಗ ನಾರ್ಮಲ್ ಹಚ್ಚತೀನಿ ಅಂತೀರಿ?”

“ಅದರ ಹೆಸರ ನಾರ್ಮಲ್ ರೀ.”

“ಹೆಸರ ನಾರ್ಮಲ್ ಅಂದ್ರ ಮಾಲೂ ನಾರ್ಮಲ್ ಅಲ್ಲೇನ್ರಿ? ಹಾಟೇಲಿನ್ಯಾಗ ಸೈತ ನಾವು ಸ್ಪೆಷಲ್ ಚಹಾನ ಕುಡಿಯೂದು. ಇದ್ದದ್ರಾಗ ಚಲೋದ ಹಚ್ಚರಿ!”

ಆ ಗಟ್ಟಿ ದೇಹದ ಹಿಂದೆ ಹುಡುಗನ ತುಟಿ ಬಿಳಿಚುತ್ತಿರುವುದು ಕಾಣುತ್ತಿತ್ತು. ಮಾವನನ್ನು ದೂಡುವ ಶಕ್ತಿ ನನಗಿಲ್ಲ. ತಿಳಿಸಿ ಹೇಳುವಷ್ಟು ವೇಳೆ ಹುಡುಗನಿಗಿಲ್ಲ. ಅಷ್ಟರಲ್ಲಿ ಸಿಸ್ಟರ್ ಬಾಟ್ಲಿಯನ್ನು ಅವನ ಮೂಗಿನ ಮುಂದೆ ಹಿಡಿದರು.

“ಮಾಮಾರ, ಓದ್ರಿ. ಇಲ್ಲಿ ಏನ ಬರದೈತಿ?”

“ಎನ್... ಎಸ್.”

“ಅಂದ್ರ, ನಂಬರ್ ಒನ್ ಸ್ಪೆಷಲ್.”

ಮಾಮಾ ಸರಿದು ನಿಂತ. ನಾನು ನರ ಹುಡುಕಿ ಸೂಜಿ ಹಾಕುವಾಗ ಹುಡುಗನ ಕೈಗಿಂತ ನನ್ನ ಕೈಯೇ ತಣ್ಣಗಿತ್ತು. ಬಿಪಿ ಕುಸಿಯುವುದು ನಿಂತಿತು, ರಕ್ತವೂ ಬಂತು. ಮುಂದೆ ಕೊಲ್ಲಾಪುರದಲ್ಲಿ ಎಲುಬಿಗೆ ರಾಡ್ ಹಾಕಿಸಿಕೊಂಡು ಹುಡುಗ ಬದುಕಿದ.

ಕೆಲವು ತಿಂಗಳ ಮೇಲೆ ಅದೇ ಮಾಮಾ ವಾಂತಿಯಾಗುತ್ತಿದ್ದ ತನ್ನ ಹೆಂಡತಿಯನ್ನು ಕರೆತಂದ. ಆಕೆಯನ್ನು ಜೀಪಿನಿಂದ ಇಳಿಸುವ ಮೊದಲೇ ಒಳಗೆ ಬಂದು ವಿಚಾರಿಸಿದ: “ನಂಬರ್ ಒನ್ ಸ್ಪೆಷಲ್ ಸ್ಟಾಕ್ ಐತಿಲ್ರಿ? ಇಲ್ಲಾಂದ್ರ ಹೇಳಿಬಿಡ್ರಿ, ಬ್ಯಾರೆ ಕಡೆ ಹೊಕ್ಕೀವಿ.”

ಸಪ್ಪಂದು

ಪ್ಯಾಟಿಯಲ್ಲಿ ಬಳೆ ಅಂಗಡಿ ಇಟ್ಟುಕೊಂಡ ಒಬ್ಬ ಹಿರಿಯ ಹೆಂಗಸು ನಮ್ಮ ಹಳೆಯ ರೋಗಿ. ಮಗ ‘ಅಮ್ಮಿ’ ಅನ್ನುತ್ತಾನೆ, ನಾವೂ ಅಮ್ಮಿ ಅನ್ನುತ್ತೇವೆ. ಒಂದು ಮಧ್ಯಾಹ್ನ ಅರೆ ಎಚ್ಚರದಲ್ಲಿದ್ದ ಅಮ್ಮಿಯನ್ನು ಮಗ ಎತ್ತಿಕೊಂಡೇ ಬಂದ. ಶುಗರ್ ಎಷ್ಟೆಂದು ತೋರಿಸಲಾರದೆ ಯಂತ್ರ ಬರೀ ‘ಹೈ’ ಅಂದಿತು. ನಾಲಿಗೆ ಒಣಗಿ ಚಕ್ಕೆಯಾಗಿತ್ತು. ಮೈಯ ನೀರೆಲ್ಲ ಹೋಗಿತ್ತು. ನಾನು ಬಾಟ್ಲಿ ತೂಗುಹಾಕಿದ್ದೇ ತಡ, ಮಗ ನಳಿಕೆ ಹಿಡಿದುಕೊಂಡ.

“ನಕ್ಕೋ, ನಕ್ಕೋ! ಗ್ಲುಕೋಸ್ ಬ್ಯಾಡ್ರಿ. ಅಮ್ಮಿಗೆ ಶುಗರ್ ಐತಿ!”

“ಇದು ಗ್ಲುಕೋಸ್ ಅಲ್ಲಪ್ಪಾ. ಉಪ್ಪಿನ ನೀರು.”

“ಉಪ್ಪಾ? ತೋಬಾ ತೋಬಾ! ಅಮ್ಮಿಗೆ ಬಿಪಿನೂ ಐತಲ್ರಿ! ಉಪ್ಪಿನಕಾಯಿ ಮುಟ್ಟಬ್ಯಾಡ್ರಿ ಅಂತ ನೀವ ಹೇಳೀರಿ!”

ಹೇಳಿದ್ದು ಖರೆ. ಅದೂ ಬೆರಳು ತೋರಿಸಿ, ಕಣ್ಣು ಬಿಟ್ಟು ಹೇಳಿದ್ದೆ. ಈಗ ಅಮ್ಮಿಯ ಬಿಪಿ ಏರಿಲ್ಲ, ಬಿದ್ದಿದೆ ಅಂತ ಎಷ್ಟು ಹೇಳಿದರೂ ಅವನ ಕಿವಿಗೆ ಹೋಗಲಿಲ್ಲ. ಪಾಪ, ಅವನ ಕಣ್ಣಲ್ಲಿ ನೀರಿತ್ತು. ಕೈಮುಗಿದು ಅಂದ: “ಸಿಹಿನೂ ಬ್ಯಾಡ, ಉಪ್ಪೂ ಬ್ಯಾಡ. ಸಪ್ಪಂದು ಇರಬೇಕಲ್ರಿ ನಿಮ್ಮ ಕಡೆ? ಅದನ್ನ ಹಚ್ಚರಿ.”

ಬರೀ ನೀರು ನರದೊಳಗೆ ಹೋದರೆ ರಕ್ತದ ಕಣಗಳೇ ಒಡೆದುಹೋಗುತ್ತವೆ. “ಸಪ್ಪಂದು ಹಚ್ಚಿದ್ರ ಅಮ್ಮಿ ಉಳ್ಯಾಂಗಿಲ್ಲ, ತಮ್ಮಾ. ರಕ್ತದಾಗ ಎಷ್ಟ ಉಪ್ಪ ಇರತೈತಿ, ಇದರಾಗೂ ಹೆಚ್ಚುಕಡಿಮಿ ಅಷ್ಟ ಐತಿ. ಕೈ ಬಿಡು,” ಅಂದೆ. ನನ್ನ ದನಿ ನಡುಗಿದ್ದು ಅವನಿಗೂ ಕೇಳಿಸಿತೋ ಏನೋ, ಕೈ ಬಿಟ್ಟ. ಆದರೆ ಕಾಟಿನ ಬದಿ ಬಿಡಲಿಲ್ಲ. ಬಾಟ್ಲಿ ಖಾಲಿಯಾಗುವುದನ್ನು ಅವನು ನೋಡುತ್ತ ಕೂತ, ಅವನನ್ನು ನಾನು ನೋಡುತ್ತ ಕೂತೆ.

ನೀರು ಹೋಯಿತು, ಇನ್ಸುಲಿನ್ ಹೋಯಿತು, ಹೊತ್ತು ಇಳಿಯುವಾಗ ಅಮ್ಮಿ ಕಣ್ಣು ಬಿಟ್ಟಳು. ಮಗ ಬಗ್ಗಿ ಮೊದಲು ಕೇಳಿದ್ದು: “ಅಮ್ಮೀ, ಭಾಳ ಉಪ್ಪುಪ್ಪ ಅನಸಾಕತ್ತೈತೇನ?”

ಅಮ್ಮಿ ಸೂಜಿ ಹಾಕಿದ ಕೈ ನೋಡಿದಳು, ಮಗನ ಮುಖ ನೋಡಿದಳು. “ಅರೆ ಪಾಗಲ್, ಹಾಕಿದ್ದ ಕೈಗೆ. ಕೈಗೆಲ್ಲಿ ನಾಲಿಗಿ ಐತಿ?”

ಹಳದಿ

ಬಾಟ್ಲಿಗೆ ವಿಟಮಿನ್ ಬೆರೆಸಿದರೆ ನೀರು ಹಳದಿಯಾಗುತ್ತದೆ. ನಮ್ಮ ಕಡೆ ಹಳದಿ ಬಾಟ್ಲಿಗೆ ಬಹಳ ಮರ್ಯಾದೆ. ಒಮ್ಮೆ ಅಥಣಿ ಕಡೆಯ ಒಬ್ಬ ವ್ಯಾಪಾರಿ ವಾಂತಿಯಿಂದ ಸುಸ್ತಾಗಿ ಬಂದು ಮಲಗಿದ್ದ. ಅವನಿಗೆ ಬಿಳಿ ಬಾಟ್ಲಿ, ಪಕ್ಕದ ಕಾಟಿನವನಿಗೆ ಹಳದಿ. ವ್ಯಾಪಾರಿಯ ಹೆಂಡತಿ ಸೊಂಟದ ಮೇಲೆ ಕೈಯಿಟ್ಟು ಕೇಳಿದಳು: “ಅವ್ರಿಗೆ ಮಾವಿನ ಹಣ್ಣಿನ ರಸ, ನಮಗ ಬರೇ ನೀರೇನ್ರಿ?”

ಇವರಿಗೆ ಅದು ಬೇಕಿಲ್ಲ ಅಂದೆ. ಸ್ವಲ್ಪ ಹೊತ್ತಿಗೆ ಊರ ಪುಢಾರಿಯೊಬ್ಬನ ಫೋನು ಬಂತು. “ಡಾಕ್ಟರ್ ಬಾಯಿ, ಅವ್ರ ನಮ್ಮ ಮಂದಿ ಅದಾರ. ಸ್ವಲ್ಪ ಹಳದಿ ಕಡೆ ಲಕ್ಷ್ಯ ಕೊಡ್ರಿ.”

ಪುಢಾರಿಗಳ ಫೋನೆಂದರೆ ನನಗೆ ಭಯ. ವಿಟಮಿನ್ನಿನಿಂದ ಕೇಡೇನೂ ಇಲ್ಲವಲ್ಲ, ಹೆಚ್ಚಾದದ್ದು ಮೂತ್ರದಲ್ಲಿ ಹೋಗುತ್ತದೆ ಎಂದು ಮನಸ್ಸಿಗೆ ಸಮಾಧಾನ ಹೇಳಿ, ಹಚ್ಚಿದೆ. ಮರುದಿನ ಬೆಳಿಗ್ಗೆ ಅದೇ ಪುಢಾರಿಯ ಫೋನು. ದನಿ ಬೇರೆಯಾಗಿತ್ತು.

“ಏನ್ರೀ ಬಾಯೀ, ನಮ್ಮ ಮನಷ್ಯಾಗ ಕಾಮಾಲಿ ಬರಸೀರಂತ? ಉಚ್ಚಿ ಅರಿಷಿಣ ಆಗೈತಂತಲ್ರಿ!”

ಪಾಟ ನೀರು

ಭೋಜ ಎಂಬ ಹಳ್ಳಿಯ ಒಬ್ಬ ಹೆಣ್ಣುಮಗಳು ಭೇದಿಯಾಗಿ ಆಗಿ, ಕಣ್ಣು ಒಳಗೆ ಹೋಗಿ, ಮಾತೂ ನಿಂತು ಬಂದಳು. ಬಿಪಿ ಸಿಗಲೇ ಇಲ್ಲ. ಇಂಥವರಿಗೆ ಬರೀ ಉಪ್ಪು ಸಾಲದು, ಭೇದಿಯಲ್ಲಿ ಹೋದ ಉಳಿದ ಲವಣಗಳೂ ಬೇಕು. ಅಂಥ ಬಾಟ್ಲಿ ಆರಿಸಿ ಎರಡೂ ಕೈಗೆ ಹಚ್ಚಿ ಧಾರೆಯಾಗಿ ಬಿಟ್ಟೆ. ಗಂಡ ಕಬ್ಬು ಬೆಳೆಯುವವ, ಮೆತ್ತನೆಯ ಮನುಷ್ಯ, ಮೂಲೆಯಲ್ಲಿ ನಿಂತಿದ್ದ.

ಇನ್ನೊಬ್ಬ ರೋಗಿಯನ್ನು ನೋಡಿ ಬಂದೆ. ನೋಡುತ್ತೇನೆ, ಎರಡೂ ಬಾಟ್ಲಿ ತೊಟ್ಟು ತೊಟ್ಟು ಹನಿಯುತ್ತಿವೆ! ನಾಡಿ ಮತ್ತೂ ಕ್ಷೀಣ.

“ಯಾರ ಮುಟ್ಟಿದ್ರಿ ಇದನ್ನ?”

“ನಾನರಿ,” ಅಂದ ಗಂಡ. “ಭಾಳ ಜೋರ ಬಿಟ್ಟಿದ್ರಿ. ಹನಿ ಹನಿ ಬಿಟ್ರ ಬೇರಿಗೆ ಹತ್ತತೈತ್ರಿ. ನಮ್ಮ ಕಬ್ಬಿಗೆ ಹಂಗ ಮಾಡೀನಿ, ಮಸ್ತ್ ಬಂದೈತಿ.”

ಬೈಯಬೇಕೆಂದು ಬಾಯಿ ತೆರೆದೆ. ಬೈದರೆ ಇವನು ಮತ್ತೆ ಮುಟ್ಟುತ್ತಾನೆ ಅನ್ನಿಸಿತು. ನಳಿಕೆಯ ಮೇಲಿನ ಸಣ್ಣ ಗಾಲಿ ಪೂರ್ತಿ ತೆರೆಯುತ್ತ ಕೇಳಿದೆ: “ಬೆಳಿ ಬಾಡಿ ನೆಲಕ್ಕ ಬಿದ್ದೈತಿ ಅನ್ನರಿ. ಆಗ ಏನ ಮಾಡ್ತೀರಿ?”

ಅವನು ಯೋಚಿಸಿದ. “ಆಗ ಹನಿ ನಡ್ಯಾಂಗಿಲ್ರಿ. ಮೊದಲ ಕಾಲುವಿ ತುಂಬ ಪಾಟ ನೀರ ಬಿಡಬೇಕು.”

“ನಾ ಅದನ್ನ ಮಾಡಾಕತ್ತೇನಿ.”

ಅವನ ಮುಖದಲ್ಲಿ ಬೆಳಕು ಬಂತು. ಆಮೇಲೆ ನೀರಿನ ಕಾವಲಿಗೆ ಅವನೇ ನಿಂತ. ಬಾಟ್ಲಿ ಮುಗಿಯುವ ಮೊದಲೇ ಸಿಸ್ಟರನ್ನು ಕೂಗುತ್ತಿದ್ದ. ಇನ್ನು ಉಳಿದದ್ದು ಒಂದೇ ಚಿಂತೆ. ಮೂತ್ರ ಆಯಿತೆಂದರೆ ಕಿಡ್ನಿ ಉಳಿಯಿತು, ಜೀವ ಉಳಿಯಿತು. ನಾನು ಹೋದಾಗೊಮ್ಮೆ ಬಂದಾಗೊಮ್ಮೆ “ಆತೇನ್ರಿ?” ಅನ್ನುವುದು, ಅವನು ಸಪ್ಪೆ ಮುಖ ಮಾಡಿ “ಇಲ್ರಿ” ಅನ್ನುವುದು. ಹಾಗೇ ಹೊತ್ತು ಹೋಯಿತು. ಹೊರಗಿನ ಪಡಸಾಲೆ ರೋಗಿಗಳಿಂದ ತುಂಬಿತ್ತು. ನಾನು ಯಾರದೋ ಎದೆಗೆ ಸ್ಟೆತೊಸ್ಕೋಪ್ ಇಟ್ಟಿದ್ದೆ. ಅವನು ಎರಡೂ ಕೈ ಮೇಲೆತ್ತಿ ವಾರ್ಡಿನಿಂದ ಓಡಿ ಬಂದ.

“ಡಾಕ್ಟರ್ ಬಾಯೀ! ನೀರ ಕಡೀ ಸಾಲಿಗೆ ಮುಟ್ಟೇತ್ರೀ!”

ಪಡಸಾಲೆಯವರೆಲ್ಲ ಇವನ ಹೊಲಕ್ಕೆ ಕಾಲುವೆ ಬಂತೆಂದು ಖುಷಿಪಟ್ಟರು. ಒಳಗಿನಿಂದ, ಮಾತು ನಿಂತಿದ್ದ ಹೆಂಡತಿಯ ಮೊದಲ ಮಾತು ಕೇಳಿಸಿತು: “ಸಿಸ್ಟರ್, ನನಗ ಹಚ್ಚಿದ್ದ ಸಾಕು. ಮೊದಲ ಇವ್ರ ಬಾಯಿಗೊಂದ ಬೂಚ ಹಚ್ಚರಿ.”

ಕಾಲು ಹಿಡಿದದ್ದು

ರಾಯಬಾಗದ ಹಿರಿಯರೊಬ್ಬರು ಮಗಳ ಮನೆಗೆಂದು ನಿಪ್ಪಾಣಿಗೆ ಬಂದು ನ್ಯುಮೋನಿಯಾ ಹಿಡಿದು ಮಲಗಿದರು. ನಮ್ಮಲ್ಲಿಗೆ ತಂದಾಗ ಮೈ ಸುಡುತ್ತಿತ್ತು, ಬಿಪಿ ಕುಸಿದಿತ್ತು. ಜ್ವರದ ಲೆಕ್ಕದಲ್ಲಿ ನೀರು ಕೊಡಲೇಬೇಕು. ಆದರೆ ಅವರಿಗೆ ಹಿಂದೊಮ್ಮೆ ಹೃದಯಾಘಾತವಾಗಿತ್ತು. ಹೃದಯದ ಲೆಕ್ಕದಲ್ಲಿ ಕೊಡಲೇಬಾರದು. ಕೊಟ್ಟರೂ ಕೊಲ್ಲುತ್ತೇನೆ, ಬಿಟ್ಟರೂ ಕೊಲ್ಲುತ್ತೇನೆ ಅನ್ನಿಸಿ ಬೆಳಗಾವಿಯ ನನ್ನ ಹಿರಿಯ ಡಾಕ್ಟರಿಗೆ ಫೋನ್ ಮಾಡಿದೆ. “ಕೊಡು. ಆದರೆ ಹೆಚ್ಚು ಕೊಡಬೇಡ. ಕಡಿಮೆ ಕೊಟ್ಟು ಕುಂಡ್ರಲೂಬೇಡ,” ಅಂದು ಇಟ್ಟುಬಿಟ್ಟರು.

ಆಗ ಒಂದು ಉಪಾಯ ನೆನಪಾಯಿತು. ಮಲಗಿದವರ ಕಾಲೆರಡನ್ನೂ ಮೇಲೆತ್ತಿ ಹಿಡಿದರೆ ಕಾಲಿನ ರಕ್ತ ಎದೆಗೆ ಹರಿಯುತ್ತದೆ, ಒಂದು ಬಾಟ್ಲಿ ಕೊಟ್ಟ ಹಾಗೆಯೇ. ಬಿಪಿ ಏರಿದರೆ ಹೃದಯ ನೀರು ತಾಳುತ್ತದೆ ಎಂದರ್ಥ. ಏರದಿದ್ದರೆ ಕಾಲು ಇಳಿಸಿದರಾಯಿತು, ನಷ್ಟವಿಲ್ಲ. ಕಾಟು ಎತ್ತುವ ಹಿಡಿಕೆ ಜಾಮಾಗಿತ್ತು. ಸಿಸ್ಟರಿಗೆ ಬಿಪಿ ನೋಡಲು ಹೇಳಿ, ನಾನೇ ಕಾಲ ಬಳಿ ಹೋಗಿ, ಬಗ್ಗಿ ಎರಡೂ ಹಿಮ್ಮಡಿ ಹಿಡಿದು ಎತ್ತಿದೆ. ಭಾರಕ್ಕೆ ತಲೆ ಅವರ ಪಾದಕ್ಕೆ ತಾಗಿತು. ಭಯಕ್ಕೆ ಕಣ್ಣು ಮುಚ್ಚಿ ಬಾಯೊಳಗೇ ದೇವರನ್ನು ನೆನೆಯುತ್ತಿದ್ದೆ.

ಪರದೆಯ ಸಂದಿಯಿಂದ ಮಗಳು ಇಣುಕಿದಳು.

“ಅಯ್ಯಯ್ಯೋ ಯಪ್ಪಾ! ಡಾಕ್ಟರ್ ಬಾಯಿ ಕಾಲಿಗೆ ಬಿದ್ಲು! ಯಪ್ಪ ಹ್ವಾದಾ!”

ಇಡೀ ಬಳಗ ಒಳಗೆ ನುಗ್ಗಿ ಅಳಲು ಶುರುಮಾಡಿತು. ಯಾರೋ ರಾಯಬಾಗಕ್ಕೆ ಫೋನ್ ಹಚ್ಚಿದರು. ಅಳಿಯ ಹೂವಿನ ಹಾರ ತರಲು ಓಡಿದ. ಕಾಲು ಬಿಟ್ಟರೆ ಪರೀಕ್ಷೆ ಕೆಡುತ್ತದೆ. ಬಿಡದಿದ್ದರೆ ಈ ಅಳು ನಿಲ್ಲುವುದಿಲ್ಲ. “ಸತ್ತಿಲ್ರೀ! ಇನ್ನೂ ಸತ್ತಿಲ್ರೀ!” ಎಂದು ಪಾದದ ಸಂದಿನಿಂದಲೇ ಕಿರುಚಿದೆ.

ಅಳು ಥಟ್ಟನೆ ನಿಂತಿತು. ಮಗಳ ಕಣ್ಣು ಕೆಂಪಾದವು. “ಸತ್ತಿಲ್ಲಂದ್ರ ಕಾಲ ಯಾಕ ಹಿಡದೀರಿ? ಏನ ತಪ್ಪ ಮಾಡೀರಿ, ಖರೆ ಹೇಳ್ರಿ!”

ಇಷ್ಟು ಹೊತ್ತು ರೋಗಿಯ ಜೀವದ ಭಯವಿತ್ತು. ಈಗ ನನ್ನ ಜೀವದ ಭಯವೂ ಸೇರಿ ಕಣ್ಣೀರು ಇಳಿಯಿತು. ಅಷ್ಟರಲ್ಲಿ ಸಿಸ್ಟರ್ ಕೂಗಿದರು: “ಎಂಬತ್ತು! ತೊಂಬತ್ತು! ತೊಂಬತ್ತಾರು, ಮ್ಯಾಡಮ್!”

“ಅಷ್ಟೆಲ್ಲಿ ವಯಸ್ಸಾಗೇತ್ರಿ ಅವ್ರಿಗೆ?” ಅಂದರು ಹಿಂದೆ ನಿಂತ ಯಾರೋ.

ಬಿಪಿ ಏರಿತ್ತು. ಸಣ್ಣ ಸಣ್ಣ ಪಾಲಿನಲ್ಲಿ, ಪ್ರತಿ ಸಲ ಎದೆ ಪರೀಕ್ಷಿಸುತ್ತ ನೀರು ಕೊಟ್ಟೆವು. ಹಿರಿಯರು ಗುಣವಾಗಿ ತಾವೇ ನಡೆದುಕೊಂಡು ಮನೆಗೆ ಹೋದರು. ಆದರೆ ಅದೆಲ್ಲ ಆಮೇಲಿನ ಮಾತು. ಆ ಹೊತ್ತಿನಲ್ಲಿ, ಬಳಗವೆಲ್ಲ ನನ್ನನ್ನು ಸುತ್ತುವರಿದು ನಿಂತಾಗ, ಹಿರಿಯರು ಮೆಲ್ಲಗೆ ಕಣ್ಣು ತೆರೆದರು. ಸುತ್ತ ಇಷ್ಟೊಂದು ಜನ, ಕಾಲ ಬಳಿ ಹಣೆ ಹಚ್ಚಿ ಕಣ್ಣೀರು ಸುರಿಸುತ್ತಿರುವ ಒಬ್ಬ ಹೆಂಗಸು. ಸೂಜಿ ಚುಚ್ಚಿದ ಕೈಯನ್ನು ನಳಿಕೆಸಮೇತ ಎತ್ತಿ, ಕಾಲೇಜಿಗೆ ಹೋಗುವ ಮಗಳಿರುವ ನನಗೆ ತುಂಬಿದ ಕರುಣೆಯಿಂದ ಹೇಳಿದರು:

“ಏಳವ್ವಾ ತಂಗಿ, ಸಾಕು ಕಾಲ ಬಿಡು. ಅಳಬ್ಯಾಡ, ಈ ವರ್ಷ ನಿನ್ನ ಲಗ್ನ ಆಗೇ ಆಕ್ಕೈತಿ.”